ಮಗಳಿಗೊಂದು ಪತ್ರ: ಓವನ್ ಇಲ್ಲದ ಅಡುಗೆಮನೆಯಲ್ಲಿ ಕುಸ್ವಾರ್

ಕಿನ್ನಿಗೋಳಿ
ಡಿಸೆಂಬರ್ 4

ಪ್ರೀತಿಯ ಮಗಳೇ,

ಈ ಸಲ ಕ್ರಿಸ್‌ಮಸ್ಸಿಗೆ, 24 ಮತ್ತು 25ರಂದು, ಆಸ್ಪತ್ರೆಯಲ್ಲಿ ನಿನಗೆ ಪಾಳಿ ಬಿದ್ದಿದೆ, ಊರಿಗೆ ಬರಲಾಗುವುದಿಲ್ಲ ಎಂದು ನೀನು ಫೋನಿನಲ್ಲಿ ಹೇಳಿದಾಗ ನಿನ್ನ ಮಮ್ಮಿ ಸ್ವಲ್ಪ ಹೊತ್ತು ಏನೂ ಮಾತಾಡಲಿಲ್ಲ. ಆದರೆ ಫೋನ್ ಇಡುವ ಮುಂಚೆ, ‘ಇಲ್ಲಿ ಓವನ್ ಇಲ್ಲ, ಎರಡು ಬರ್ನರಿನ ಗ್ಯಾಸ್ ಒಲೆ ಮಾತ್ರ ಇದೆ, ಹಬ್ಬದ ತಿಂಡಿಗಳಾದ ಕುಸ್ವಾರ್ ಮಾಡುವುದಾದರೂ ಹೇಗೆ’ ಎಂದು ಕೇಳಿದೆಯಲ್ಲ, ಆ ಪ್ರಶ್ನೆಯಿಂದ ನಮ್ಮಿಬ್ಬರಿಗೂ ಸಮಾಧಾನವಾಯಿತು. ಫೋನಿನಲ್ಲಿ ಹೇಳಿದ ಅಳತೆ ನೆನಪಿನಲ್ಲಿ ಉಳಿಯುವುದಿಲ್ಲವೆಂದು ಬರೆದೇ ಕಳಿಸುತ್ತಿದ್ದೇನೆ. ಮನೆಯಲ್ಲಿ ನಾವು ಆಡುವುದು ಕೊಂಕಣಿಯಾದರೂ, ಮೂವತ್ತು ವರ್ಷ ಶಾಲೆಯಲ್ಲಿ ಕನ್ನಡ ಕಲಿಸಿದ ನನ್ನ ಕೈಗೆ ಪತ್ರವೆಂದರೆ ಕನ್ನಡವೇ. ಮಮ್ಮಿ ಪಕ್ಕದಲ್ಲಿ ಕೂತು, ಬರೆದದ್ದನ್ನು ಓದಿಸಿಕೊಂಡು ತಿದ್ದುತ್ತಿದ್ದಾಳೆ. ಅಳತೆಗಳನ್ನು ಧೈರ್ಯವಾಗಿ ನಂಬು.

ಓವನ್ನಿನ ಚಿಂತೆಯನ್ನು ಮೊದಲು ಬಿಟ್ಟುಬಿಡು. ನಮ್ಮ ಕುಸ್ವಾರಿನ ತಟ್ಟೆಯನ್ನು ಒಮ್ಮೆ ಕಣ್ಣ ಮುಂದೆ ತಂದುಕೊಂಡು ನೋಡು: ಕರ್ಜಿಕಾಯಿಯಂಥ ನೆವ್ರಿ, ಕಿಡಿಯೊ, ಗುಳಿಯೊ, ತುಕ್ಡಿ, ಎಳ್ಳಿನ ಲಾಡು, ಚಕ್ಕುಲಿ ಎಲ್ಲವೂ ಎಣ್ಣೆಯಲ್ಲಿ ಕರಿದವು ಅಥವಾ ಒಲೆಯ ಮೇಲೆ ಪಾಕ ಹಿಡಿದವು. ಕೇಕು, ಮ್ಯಾಕರೂನ್ ಮತ್ತು ರವೆ ತೆಂಗಿನಕಾಯಿಯ ಕೇಕಾದ ಬಾತ್ ಇವಿಷ್ಟಕ್ಕೆ ಮಾತ್ರ ಸುತ್ತಲಿಂದ ಬಿಸಿ ಬೇಕು. ನನ್ನ ಬಾಲ್ಯದಲ್ಲಿ ನಮ್ಮ ಮನೆಯಲ್ಲಿ ಓವನ್ ಇರಲಿಲ್ಲ. ಅಜ್ಜಿ ಕೇಕಿನ ಪಾತ್ರೆಯ ಕೆಳಗೆ ಕೆಂಡ ಹರಡಿ, ಮುಚ್ಚಳದ ಮೇಲೂ ಗೆರಟೆಯ ಕೆಂಡ ಹಾಕಿ, ಅದರ ಮುಂದೆ ಕದಲದೆ ಕೂತಿರುತ್ತಿದ್ದರು. ನೀನು ಅಷ್ಟು ಕಷ್ಟಪಡಬೇಕಾಗಿಲ್ಲ. ಕೇಕನ್ನು ಒಳ್ಳೆಯ ಬೇಕರಿಯಿಂದ ತಂದು, ಒಲೆಯ ಮೇಲೆ ಆಗುವ ಮೂರೇ ಮೂರನ್ನು ನಿನ್ನ ಕೈಯಿಂದ ಚೆನ್ನಾಗಿ ಮಾಡು: ಪೇರಳೆ ಹಣ್ಣಿನ ಪೆರಾದ್, ಸುರುಳಿ ಸುತ್ತಿ ಕರಿಯುವ ಕಿಡಿಯೊ, ತೆಂಗಿನ ತುರಿಯ ಕೊಕಾದ್. ನೆವ್ರಿಯನ್ನು ಈ ವರ್ಷ ಮುಟ್ಟಬೇಡ ಎಂದು ಮಮ್ಮಿ ಹೇಳುತ್ತಿದ್ದಾಳೆ, ಏಕೆಂದರೆ ಅಂಚು ಕಟ್ಟುವ ಕೈ ಪಳಗದಿದ್ದರೆ ಅದು ಎಣ್ಣೆಯಲ್ಲಿ ಬಿಚ್ಚಿ, ಒಳಗಿನ ಎಳ್ಳು ಸಕ್ಕರೆಯೆಲ್ಲ ಕರಟಿ, ಅಷ್ಟೂ ಎಣ್ಣೆ ಕೆಡುತ್ತದೆ.

ಒಂದು ವಿಷಯವನ್ನು ಮನಸ್ಸಿನಲ್ಲಿಟ್ಟುಕೊಂಡರೆ ಮೂರೂ ಸುಲಭ. ಕುಸ್ವಾರ್ ಹೊಸ ವರ್ಷದವರೆಗೆ ಉಳಿಯಬೇಕಾದ ತಿಂಡಿ, ಆದ್ದರಿಂದ ಇಲ್ಲಿ ಒಲೆಯ ಮುಖ್ಯ ಕೆಲಸ ನೀರನ್ನು ಹೊರಗೆ ಹಾಕುವುದು. ಹಣ್ಣಿನ ನೀರು, ತೆಂಗಿನಕಾಯಿಯ ನೀರು, ಹಿಟ್ಟಿಗೆ ಹಾಕಿದ ಹಾಲಿನ ನೀರು, ಇದರಲ್ಲಿ ಎಲ್ಲಿ ಸ್ವಲ್ಪ ಹೆಚ್ಚು ಉಳಿದರೂ ತಿಂಡಿ ಮೆತ್ತಗಾಗುತ್ತದೆ ಅಥವಾ ಬೂಸು ಹಿಡಿಯುತ್ತದೆ. ನಿನ್ನ ಮಮ್ಮಿ ತವರಿಗೆ ಹೋಗಿದ್ದ ಒಂದು ಡಿಸೆಂಬರಿನಲ್ಲಿ ನಾನೊಬ್ಬನೇ ಪೆರಾದ್ ಮಾಡಿ, ಕೈ ಸೋತಿತೆಂದು ಕಾಲು ಗಂಟೆ ಮುಂಚೆಯೇ ಇಳಿಸಿಬಿಟ್ಟಿದ್ದೆ. ನೋಡಲು ಚೆನ್ನಾಗಿಯೇ ಇತ್ತು. ಹಬ್ಬ ಕಳೆದ ಮೂರನೆಯ ದಿನ ಡಬ್ಬಿ ತೆರೆದರೆ ಪ್ರತಿ ತುಂಡಿನ ಮೇಲೂ ಬಿಳಿ ಬೂಸು ಕೂತಿತ್ತು. ಅಷ್ಟನ್ನೂ ತೋಟದ ಗುಂಡಿಗೆ ಹಾಕಿದ ಬೇಸರ ಇನ್ನೂ ಹೋಗಿಲ್ಲ.

ಅದಕ್ಕೇ ಪೆರಾದಿನ ಬಗ್ಗೆ ವಿವರವಾಗಿ ಬರೆಯುತ್ತೇನೆ. ಪೇರಳೆ ಅಮೆರಿಕ ಖಂಡದ ಹಣ್ಣು. ಅದರ ತಿರುಳನ್ನು ಸಕ್ಕರೆಯೊಂದಿಗೆ ಕುದಿಸಿ ಹಲ್ವದಂತೆ ಕತ್ತರಿಸುವ ಕ್ರಮವನ್ನು ನಮ್ಮ ಹಿರಿಯರು ಪೋರ್ಚುಗೀಸರ ಗೋವಾದಿಂದ ಮಂಗಳೂರು ಸೀಮೆಗೆ ವಲಸೆ ಬರುವಾಗ ಜೊತೆಗೆ ತಂದರು. ನಮ್ಮ ಪೇರಳೆಯನ್ನು ನಿನ್ನ ಬೆಂಗಳೂರಿನಲ್ಲಿ ಸೀಬೆಹಣ್ಣು ಎನ್ನುತ್ತಾರೆ. ಶಿವಾಜಿನಗರದ ರಸೆಲ್ ಮಾರ್ಕೆಟ್ಟಿಗೆ ಬೆಳಿಗ್ಗೆ ಹೋದರೆ ಹಣ್ಣನ್ನು ಆರಿಸಿಕೊಳ್ಳಬಹುದು. 1 ಕಿಲೊ ಸಾಕು. ಪರಿಮಳ ಬಂದಿರಬೇಕು, ಆದರೆ ಬೆರಳಿಟ್ಟರೆ ಕುಸಿಯುವಷ್ಟು ಕಳಿತಿರಬಾರದು. ಪೇರಳೆಯಲ್ಲಿ ಪೆಕ್ಟಿನ್ ಎಂಬ ಅಂಟು ಹೇರಳವಾಗಿದೆ, ಪೆರಾದ್ ಗಟ್ಟಿಯಾಗುವುದು ಅದರಿಂದಲೇ; ಹಣ್ಣು ಅತಿಯಾಗಿ ಕಳಿತರೆ ಆ ಅಂಟು ಕಡಿಮೆಯಾಗುತ್ತದೆ. ಅಂಟು ತನ್ನ ಕೆಲಸ ಮಾಡಬೇಕಾದರೆ ಸಕ್ಕರೆಯೂ ಹುಳಿಯೂ ಬೇಕು, ಆದ್ದರಿಂದ ಲಿಂಬೆರಸವನ್ನು ಬರಿಯ ರುಚಿಗೆಂದು ತಿಳಿದು ಬಿಟ್ಟುಬಿಡಬೇಡ.

ಹಣ್ಣನ್ನು ನಾಲ್ಕು ಹೋಳು ಮಾಡಿ, ತಳ ಮುಳುಗುವಷ್ಟೇ ನೀರು ಹಾಕಿ ಮೆತ್ತಗೆ ಬೇಯಿಸು. ಆರಿದ ಮೇಲೆ ಸ್ಟೀಲಿನ ಜರಡಿಯಲ್ಲಿ ಸೌಟಿನ ಬೆನ್ನಿನಿಂದ ಒತ್ತಿ ಒತ್ತಿ ತಿರುಳನ್ನು ಇಳಿಸಿ, ಬೀಜವನ್ನು ಬಿಟ್ಟುಬಿಡು. ಮಿಕ್ಸಿಯಲ್ಲಿ ತಿರುವುವ ಆಸೆ ಬರುತ್ತದೆ, ಬೇಡ; ಬೀಜ ಒಡೆದರೆ ಬಾಯಿಗೆ ಮರಳು ಸಿಕ್ಕಂತಾಗುತ್ತದೆ. ತಿರುಳನ್ನು ಬಟ್ಟಲಿನಲ್ಲಿ ಅಳೆದು, ಪ್ರತಿ ಬಟ್ಟಲಿಗೆ ಮುಕ್ಕಾಲು ಬಟ್ಟಲು ಸಕ್ಕರೆ, ಒಟ್ಟಿಗೆ ಒಂದು ಲಿಂಬೆಯ ರಸ ಸೇರಿಸಿ, ದಪ್ಪ ತಳದ ಬಾಣಲೆಯಲ್ಲಿ ಸಣ್ಣ ಉರಿಯ ಮೇಲಿಡು. ಇನ್ನು ಮುಕ್ಕಾಲು ಗಂಟೆಯಿಂದ ಒಂದು ಗಂಟೆ ಕೈ ಬಿಡದೆ ತಿರುವಬೇಕು. ಗಟ್ಟಿಯಾಗತೊಡಗಿದಾಗ ಗುಳ್ಳೆಗಳು ಒಡೆದು ಹೊರಗೆ ಹಾರುತ್ತವೆ. ಬಿಸಿ ಸಕ್ಕರೆ ಚರ್ಮಕ್ಕೆ ಅಂಟಿದರೆ ಏನಾಗುತ್ತದೆಂದು ನರ್ಸಾದ ನಿನಗೆ ನಾನು ಹೇಳಬೇಕಾಗಿಲ್ಲ, ಆದರೂ ಅಪ್ಪನ ಮನಸ್ಸು, ಮೊಣಕೈವರೆಗೆ ಬಟ್ಟೆ ಸುತ್ತಿಕೋ ಎಂದು ಬರೆಯುತ್ತಿದ್ದೇನೆ. ಬಣ್ಣ ಕಂದುಗೆಂಪಿಗೆ ತಿರುಗಿ, ಮುದ್ದೆ ಬಾಣಲೆಯ ಅಂಚನ್ನು ಬಿಟ್ಟು ಸೌಟಿನ ಹಿಂದೆಯೇ ಸುತ್ತತೊಡಗಿದಾಗ ಒಂದು ಚಮಚ ಬೆಣ್ಣೆ ಹಾಕು. ತಣ್ಣನೆಯ ತಟ್ಟೆಯ ಮೇಲೆ ಒಂದು ಹನಿ ಬಿಟ್ಟು, ಆರಿದ ಮೇಲೆ ಬೆರಳುಗಳ ನಡುವೆ ಉರುಳಿಸಿ ನೋಡು. ಅಂಟದೆ ಉಂಡೆಯಾದರೆ ಆಯಿತು. ಅಂಟಿದರೆ ಇನ್ನೂ ಹತ್ತು ನಿಮಿಷ. ನಾನು ತಪ್ಪಿದ್ದು ಇಲ್ಲೇ. ಬೆಣ್ಣೆ ಸವರಿದ ತಟ್ಟೆಗೆ ಸುರಿದು ಸಮ ಮಾಡಿ, ಪೂರ್ತಿ ಆರಿದ ಮರುದಿನ ಕತ್ತರಿಸು.

ಕಿಡಿಯೊ ಮಾಡುವಾಗ ಜೊತೆಯವರಿಬ್ಬರನ್ನೂ ಕೂರಿಸಿಕೋ, ಒಬ್ಬಳೇ ಮಾಡಿದರೆ ಬೇಸರ ಬರುತ್ತದೆ. ಅರ್ಧ ಕಿಲೊ ಮೈದಾಕ್ಕೆ ಚಿಟಿಕೆ ಉಪ್ಪು, ಎರಡು ಚಮಚ ಬಿಸಿ ತುಪ್ಪ, ಒಂದು ಮೊಟ್ಟೆ ಹಾಕಿ, ದಪ್ಪ ತೆಂಗಿನಹಾಲನ್ನು ಸ್ವಲ್ಪ ಸ್ವಲ್ಪವೇ ಸೇರಿಸಿ ಚಪಾತಿ ಹಿಟ್ಟಿಗಿಂತ ತುಸು ಗಟ್ಟಿಯಾಗಿ ನಾದು. ಅರ್ಧ ಗಂಟೆ ಒದ್ದೆ ಬಟ್ಟೆ ಮುಚ್ಚಿಟ್ಟು, ಗೋಲಿಯಷ್ಟು ಉಂಡೆ ಮಾಡಿ, ಎಣ್ಣೆ ಸವರಿದ ಫೋರ್ಕಿನ ಬೆನ್ನ ಮೇಲೆ ಹೆಬ್ಬೆರಳಿನಿಂದ ಒತ್ತಿ ಸುರುಳಿ ಸುತ್ತು. ಅಜ್ಜಿ ಇದಕ್ಕೆಂದೇ ಹೊಸ ಬಾಚಣಿಗೆಯೊಂದನ್ನು ಪೆಟ್ಟಿಗೆಯಲ್ಲಿ ಇಟ್ಟಿದ್ದರು. ಸುರುಳಿಯ ಒಳಗೆ ಟೊಳ್ಳು ಇರಲಿ, ಎಣ್ಣೆ ಒಳಹೊಕ್ಕರೆ ಮಾತ್ರ ಗರಿಗರಿಯಾಗುತ್ತದೆ. ಮಧ್ಯಮ ಉರಿಯಲ್ಲಿ ಹೊಂಬಣ್ಣ ಬರುವವರೆಗೆ ಕರಿ. ಒಂದು ಬಟ್ಟಲು ಸಕ್ಕರೆಗೆ ಕಾಲು ಬಟ್ಟಲು ನೀರು ಹಾಕಿ ಪಾಕ ಗಟ್ಟಿಯಾದಾಗ ಆರಿದ ಕಿಡಿಯೊಗಳನ್ನು ಸುರಿದು, ಸಕ್ಕರೆ ಬೆಳ್ಳಗೆ ಒಣಗಿ ಮೈಗೆ ಹಿಡಿಯುವವರೆಗೆ ಕಲಕುತ್ತಿರು.

ಕೊಕಾದ್ ಎಲ್ಲಕ್ಕಿಂತ ಸುಲಭ. ಎರಡು ಬಟ್ಟಲು ಸಕ್ಕರೆಗೆ ಅರ್ಧ ಬಟ್ಟಲು ನೀರು ಹಾಕಿ ಕುದಿಸಿ, ಎರಡು ಬಟ್ಟಲು ತೆಂಗಿನ ತುರಿ, ಒಂದು ಬಟ್ಟಲು ಚಿರೋಟಿ ರವೆ ಸೇರಿಸಿ, ತಳ ಬಿಡುವವರೆಗೆ ತಿರುವಿ, ತುಪ್ಪ ಮತ್ತು ಏಲಕ್ಕಿ ಹಾಕಿ ತಟ್ಟೆಗೆ ಹರಡು. ತುರಿಯುವಾಗ ಕಂದು ಸಿಪ್ಪೆ ಸೇರದಂತೆ ನೋಡಿಕೋ. ಬಿಸಿ ಇರುವಾಗಲೇ ಗೆರೆ ಹಾಕು.

ಪಾಳಿಗೆ ಹೊಂದುವಂತೆ ದಿನಗಳನ್ನೂ ಯೋಚಿಸಿದ್ದೇವೆ. ಪೆರಾದನ್ನು ಮುಂದಿನ ವಾರದ ರಜೆಯ ದಿನವೇ ಮಾಡಿಬಿಡು, ಅದು ಹೆಚ್ಚು ದಿನ ಇರುತ್ತದೆ. ಕಿಡಿಯೊ 19 ಅಥವಾ 20ಕ್ಕೆ. ತೆಂಗಿನ ತಿಂಡಿ ಬೇಗ ಕಮಟು ಹಿಡಿಯುವುದರಿಂದ ಕೊಕಾದ್ 22ಕ್ಕಿಂತ ಮೊದಲು ಬೇಡ. ನಮ್ಮ ಕರಾವಳಿಯ ಹವೆಯಲ್ಲಿ ಡಬ್ಬಿಯ ಮುಚ್ಚಳ ಸ್ವಲ್ಪ ಸಡಿಲವಾದರೂ ಕಿಡಿಯೊ ಮೆತ್ತಗಾಗುತ್ತದೆ. ಬೆಂಗಳೂರಿನ ಡಿಸೆಂಬರಿನ ಒಣಗಾಳಿ ಈ ವಿಷಯದಲ್ಲಿ ನಿನಗೆ ಅನುಕೂಲ.

ಕೆಳಗಿನ ಮನೆಯ ಮಾಲೀಕರು ಮೊಟ್ಟೆ ತಿನ್ನುವವರಲ್ಲವೆಂದು ನೀನು ಹೇಳಿದ್ದು ನೆನಪಿದೆ. ಅವರಿಗೆ ಕೊಡುವ ತಟ್ಟೆಯಲ್ಲಿ ಪೆರಾದ್ ಮತ್ತು ಕೊಕಾದ್ ಮಾತ್ರ ಇರಲಿ, ಕಿಡಿಯೊದ ಜೊತೆ ಒಂದೇ ಡಬ್ಬಿಯಲ್ಲಿಟ್ಟು ತೆಗೆದುಕೊಡಬೇಡ, ಮೊಟ್ಟೆ ಹಾಕಿಲ್ಲವೆಂದು ಬಾಯಿಬಿಟ್ಟು ಹೇಳಿಯೇ ಕೊಡು. ನಮ್ಮ ಮೇಲಿನ ಮನೆಗೆ ಅಜ್ಜಿ ಯಾವಾಗಲೂ ಬೇರೆ ತಟ್ಟೆಯನ್ನೇ ಸಿದ್ಧಪಡಿಸುತ್ತಿದ್ದರು, ಅಷ್ಟಮಿಗೆ ಅಲ್ಲಿಂದ ಅದೇ ತಟ್ಟೆಯಲ್ಲಿ ಉಂಡೆ ಚಕ್ಕುಲಿ ತುಂಬಿ ಬರುತ್ತಿತ್ತು.

ನಾಳೆ ರಾತ್ರಿಯ ಬಸ್ಸಿನಲ್ಲಿ ಒಂದು ಪಾರ್ಸೆಲ್ ಕಳಿಸುತ್ತಿದ್ದೇನೆ. ಅದರಲ್ಲಿ ಅಜ್ಜಿಯ ಉದ್ದ ಹಿಡಿಯ ಮರದ ಸೌಟು, ಜರಡಿ, ಬಿಗಿ ಮುಚ್ಚಳದ ಎರಡು ಡಬ್ಬಿ, ನಮ್ಮ ಮರದ ನಾಲ್ಕು ತೆಂಗಿನಕಾಯಿ ಇವೆ. ಬಾಚಣಿಗೆಯನ್ನು ಮಮ್ಮಿ ಕಾಗದದಲ್ಲಿ ಸುತ್ತಿ ಡಬ್ಬಿಯೊಳಗೆ ಇಟ್ಟಿದ್ದಾಳೆ. ಪೆರಾದ್ ಬಾಣಲೆಯಲ್ಲಿರುವಾಗಲೇ ಒಂದು ಫೋಟೊ ತೆಗೆದು ಕಳಿಸು. ಇನ್ನೂ ಎಷ್ಟು ಹೊತ್ತು ತಿರುವಬೇಕೆಂದು ಮಮ್ಮಿ ಬಣ್ಣ ನೋಡಿ ಹೇಳುತ್ತಾಳಂತೆ.

ನಿನ್ನ ಪ್ರೀತಿಯ
ಪಪ್ಪ