ಆ ತಿಂಗಳ ಬಾಡಿಗೆ ಯಾರು ಕಟ್ಟಿದರು?

ಪ್ರೀತಿಯ ತಮ್ಮಾ,

ಗದಗಿನಿಂದ ನೀನು ಕಳಿಸಿದ ಚೆಸ್ ಬರಹಗಳನ್ನೆಲ್ಲ ಓದಿದೆ. ಸರಾಗವಾಗಿ ಓದಿಸಿಕೊಂಡು ಹೋಗುತ್ತವೆ, ಅದು ನಿನ್ನ ಕೈಗುಣ. ಆದರೆ ಪ್ರತಿ ಪ್ಯಾರಾದ ಕೊನೆಗೂ ಒಂದು ಆಶ್ಚರ್ಯ ಚಿಹ್ನೆ ನಿಲ್ಲಿಸಿದ್ದೀಯಲ್ಲ, ಅದರ ಬಗ್ಗೆ ನಾಲ್ಕು ಮಾತು ಹೇಳಬೇಕು.

‘ಬಾಬಿ ಫಿಷರ್ ತೀರಿಕೊಂಡಾಗ ವಯಸ್ಸು 64, ಚೆಸ್ ಪಟದ ಮನೆಗಳೂ 64!’ ಅಂತ ಬರೆದಿದ್ದೀಯ. 1943ರ ಮಾರ್ಚಿನಲ್ಲಿ ಹುಟ್ಟಿ 2008ರ ಜನವರಿಯಲ್ಲಿ ಸತ್ತರು, ಲೆಕ್ಕ ಸರಿಯಾಗಿಯೇ ಇದೆ. ಆದರೆ ಇದನ್ನು ಓದಿದ ಮೇಲೆ ಫಿಷರ್ ಬಗ್ಗೆ ನನಗೆ ಏನು ಹೊಸದಾಗಿ ತಿಳಿಯಿತು? ಸುಮ್ನೆ ಎರಡು ಅಂಕಿ ಒಂದೇ ಆಗಿವೆ, ಅಷ್ಟೇ ಅಲ್ವಾ?

ಇಂಥ ಸಂಗತಿಗಳೇ ಬೇಡ ಎನ್ನುವವನಲ್ಲ ನಾನು. ನನಗೂ ಇವು ಭಾಳ ಇಷ್ಟ. ಆದರೆ ಒಂದು ಸ್ವಾರಸ್ಯ ಕೈಗೆ ಸಿಕ್ಕ ಕೂಡಲೇ ಬರೆದು ಮುಗಿಸಬೇಡ. ಈ ಆಟಗಾರರ ಹೊಟ್ಟೆಪಾಡು ಹೇಗೆ ನಡೆಯುತ್ತಿತ್ತು, ಆ ತಿಂಗಳ ಬಾಡಿಗೆ ಯಾರು ಕಟ್ಟಿದರು ಅಂತ ಒಮ್ಮೆ ಕೇಳು. ಚೆಸ್ ಆಡುವವರ ಬದುಕಿನಲ್ಲಿ ನಿಜವಾದ ಕತೆ ಹೆಚ್ಚಾಗಿ ಅಲ್ಲೇ ಇರುತ್ತದೆ.

ಮೀರ್ ಸುಲ್ತಾನ್ ಖಾನ್ ಅವರನ್ನೇ ನೋಡು. ನಿನ್ನ ಬರಹದಲ್ಲಿ ಅವರು ಒಂದೇ ವಾಕ್ಯದಲ್ಲಿ ಬಂದು ಹೋಗುತ್ತಾರೆ: ‘ಓದು ಬರಹ ಬಾರದ ಆಳೊಬ್ಬ ಕಾಪಾಬ್ಲಾಂಕಾನನ್ನೇ ಸೋಲಿಸಿದ!’ ಪಂಜಾಬಿನ ಈ ಆಟಗಾರ ಚಿಕ್ಕವರಿದ್ದಾಗ ಕಲಿತದ್ದು ನಮ್ಮ ಕಡೆಯ ಹಳೇ ಪದ್ಧತಿಯ ಚದುರಂಗ. ಅದರಲ್ಲಿ ಕಾಲಾಳು ಮೊದಲ ನಡೆಗೂ ಒಂದೇ ಮನೆ ಹೋಗುತ್ತದೆ. ರಾಜನನ್ನು ಆನೆಯ ಪಕ್ಕಕ್ಕೆ ಸೇರಿಸುವ ಕ್ಯಾಸ್ಲಿಂಗ್ ಇಲ್ಲ. ಹಾಗಾಗಿ ಯುರೋಪಿನವರು ಪುಸ್ತಕ ಓದಿ ಬಾಯಿಪಾಠ ಮಾಡಿದ್ದ ಆರಂಭದ ನಡೆಗಳು ಇವರಿಗೆ ಹೊಸವು. ಆಟದ ಶುರುವಿನಲ್ಲೇ ಹಿಂದೆ ಬೀಳುತ್ತಿದ್ದರು, ಆಮೇಲೆ ಮಧ್ಯದಲ್ಲಿ, ಕೊನೆಯಲ್ಲಿ ಹಿಂಡಿ ಗೆಲ್ಲುತ್ತಿದ್ದರು. 1929, 1932, 1933, ಮೂರು ಸಲ ಬ್ರಿಟಿಷ್ ಚಾಂಪಿಯನ್. ಹಿಂದೆ ವಿಶ್ವ ಚಾಂಪಿಯನ್ ಆಗಿದ್ದ ಕಾಪಾಬ್ಲಾಂಕಾ ಇವರಿಗೆ ಸೋತದ್ದು 1930-31ರ ಹೇಸ್ಟಿಂಗ್ಸ್ ಟೂರ್ನಿಯಲ್ಲಿ.

ಈಗ ಬಾಡಿಗೆಯ ಪ್ರಶ್ನೆ ಕೇಳು. ಅವರನ್ನು ಲಂಡನ್ನಿಗೆ ಕರೆದುಕೊಂಡು ಹೋದವರು ಜಮೀನ್ದಾರ ಸರ್ ಉಮರ್ ಹಯಾತ್ ಖಾನ್. ಧಣಿ ಊರಿಗೆ ಹೊರಟಾಗ ಇವರೂ ಹೊರಟರು. 1933ರ ಕೊನೆಗೆ ಎಲ್ಲ ಮುಗಿಯಿತು. ಐದು ವರ್ಷವೂ ತುಂಬದ ಆಟದ ಬದುಕು, ಅದೂ ಬೇರೆಯವರ ಟಿಕೆಟ್ಟಿನ ಮೇಲೆ ನಿಂತದ್ದು. ಮಕ್ಕಳಿಗೆ ಅವರು ಚೆಸ್ ಕಲಿಸಲಿಲ್ಲ, ಇದಕ್ಕಿಂತ ಉಪಯೋಗದ ಕೆಲಸ ಏನಾದರೂ ಮಾಡಿ ಎನ್ನುತ್ತಿದ್ದರು ಅಂತ ಅವರ ಮಗನೇ ಹೇಳಿದ್ದಾರೆ. ಈ ಮಾತಿನ ಮುಂದೆ ಕಾಪಾಬ್ಲಾಂಕಾ ಸೋತ ಸುದ್ದಿ ಸಪ್ಪೆ ಅನ್ನಿಸುತ್ತದೆ ನನಗೆ. 1966ರಲ್ಲಿ ತೀರಿಕೊಂಡರು. ವಿಶ್ವ ಚೆಸ್ ಸಂಸ್ಥೆ ಫಿಡೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟದ್ದು 2024ರಲ್ಲಿ. ಇನ್ನೊಂದು ಮಾತು: ‘ಓದು ಬಾರದ ಆಳು’ ಎನ್ನುವುದನ್ನು ಅವರ ಮೊಮ್ಮಗಳು ಒಪ್ಪುವುದಿಲ್ಲ. ಒಬ್ಬರ ಮನೆಯವರೇ ತಕರಾರು ತೆಗೆದ ಮಾತನ್ನು ನೀನು ಹಾಗೇ ಬರೆದದ್ದು ನನಗೆ ಸರಿ ಕಾಣಲಿಲ್ಲ. ಅದನ್ನು ತೆಗಿ.

ಅಮೆರಿಕದ ಆಟಗಾರ ಪಾಲ್ ಮಾರ್ಫಿ ಬಗ್ಗೆಯೂ ಹಾಗೇ ಮಾಡಿದ್ದೀಯ. ಹೆಂಗಸರ ಚಪ್ಪಲಿಗಳ ನಡುವೆ ಸತ್ತುಬಿದ್ದಿದ್ದರು ಎನ್ನುವುದು ಹತ್ತು ಕಡೆ ಸಿಗುತ್ತದೆ, ಗೊತ್ತು. ಆ ಹತ್ತೂ ಒಂದೇ ಮಾತಿನ ನಕಲು. ಅವರ ಮನೆತನದ ಹೆಣ್ಣುಮಗಳೊಬ್ಬರು ಬರೆದದ್ದು ಇಷ್ಟೇ: ಬೇಕಾದ ಜೋಡು ಬೇಗ ಕೈಗೆ ಸಿಗಲಿ ಅಂತ ಮಾರ್ಫಿ ತಮ್ಮ ಬೂಟುಗಳನ್ನು ಕೋಣೆಯಲ್ಲಿ ಅರ್ಧಚಂದ್ರದ ಹಾಗೆ ಜೋಡಿಸಿ ಇಡುತ್ತಿದ್ದರು. ಅವರು ಸತ್ತದ್ದು 1884ರಲ್ಲಿ, ಸ್ನಾನದ ತೊಟ್ಟಿಯಲ್ಲಿ. ಬೂಟಿಗೂ ಸಾವಿಗೂ ಸಂಬಂಧವೇ ಇಲ್ಲ. ಕತೆ ಬೇಕಿದ್ದರೆ ಇಲ್ಲಿದೆ ನೋಡು: ಮಾರ್ಫಿ 1857ರಲ್ಲಿ ಕಾನೂನು ಪದವಿ ಪಡೆದರು, ಆದರೆ ವಕೀಲಿ ಮಾಡಲು ಇನ್ನೂ ವಯಸ್ಸು ಸಾಲದು. ಆ ಖಾಲಿ ಸಮಯದಲ್ಲಿ ನ್ಯೂಯಾರ್ಕಿಗೆ, ಆಮೇಲೆ ಯುರೋಪಿಗೆ ಹೋಗಿ ಸಿಕ್ಕವರನ್ನೆಲ್ಲ ಸೋಲಿಸಿದರು. ವಾಪಸ್ ಬಂದು ಚೆಸ್ ಬಿಟ್ಟು ವಕೀಲಿ ಹಿಡಿದರೆ, ಅದು ಕೈಹಿಡಿಯಲಿಲ್ಲ. ಮನೆಯ ಆಸ್ತಿ ಇತ್ತು, ಊಟಕ್ಕೆ ತೊಂದರೆಯಾಗಲಿಲ್ಲ.

ಆಸ್ತಿ ಇಲ್ಲದವರ ಪಾಡು ಸ್ಟೈನಿಟ್ಜ್ ಅವರದು. ದೇವರ ಜೊತೆ ಚೆಸ್ ಆಡಿದ್ದೆ ಅಂದರಂತೆ, ಇಂಥ ‘ಅಂತೆ’ಗಳನ್ನು ಬಿಡು. ಮೊದಲ ವಿಶ್ವ ಚಾಂಪಿಯನ್ 1900ರಲ್ಲಿ ನ್ಯೂಯಾರ್ಕಿನಲ್ಲಿ ಕೈಯಲ್ಲಿ ಕಾಸಿಲ್ಲದೆ ಸತ್ತರು. ಅವರಿಂದ 1894ರಲ್ಲಿ ಪಟ್ಟ ಗೆದ್ದವರು ಲಾಸ್ಕರ್. ಪಂದ್ಯಕ್ಕೆ ಜಾಸ್ತಿ ದುಡ್ಡು ಕೇಳುತ್ತಾರೆ ಅಂತ ಲಾಸ್ಕರ್ ಅವರನ್ನು ಜನ ಬೈದರು. ಈ ಎರಡನ್ನೂ ಪಕ್ಕಪಕ್ಕ ಇಟ್ಟು ಬರೆ. ನೀನು ಬೇರೆ ಏನೂ ಹೇಳಬೇಕಾಗಿಲ್ಲ, ಓದುವವರಿಗೆ ತಿಳಿಯುತ್ತದೆ.

ವೇರಾ ಮೆಂಚಿಕ್ ಕ್ಲಬ್ಬಿನ ಪ್ರಸಂಗ ಚೆಂದ ಬಂದಿದೆ, ಅದನ್ನು ಮುಟ್ಟಬೇಡ. 1929ರ ಕಾರ್ಲ್ಸ್‌ಬಾದ್ ಟೂರ್ನಿಯಲ್ಲಿ, ಈ ಹೆಣ್ಣುಮಗಳ ಕೈಲಿ ಸೋತವರೆಲ್ಲ ಅವಳ ಹೆಸರಿನ ಕ್ಲಬ್ಬಿಗೆ ಸೇರಲಿ ಅಂತ ಆಸ್ಟ್ರಿಯಾದ ಆಟಗಾರ ಬೆಕರ್ ತಮಾಷೆ ಮಾಡಿದರು, ಮೊದಲು ಸೋತು ಸೇರಿದವರೂ ಅವರೇ. ಮುಂದೆ 1935ರಲ್ಲಿ ವಿಶ್ವ ಚಾಂಪಿಯನ್ ಆದ ಗಣಿತ ಮೇಷ್ಟ್ರು ಯೂವೆ ಆ ಕ್ಲಬ್ಬಿನಲ್ಲಿದ್ದಾರೆ. ನಮ್ಮ ಸುಲ್ತಾನ್ ಖಾನ್ ಕೂಡ ಇದ್ದಾರೆ, ಅದನ್ನು ಸೇರಿಸು. ನಗು ಮುಗಿದ ಮೇಲೆ ಮೆಂಚಿಕ್ ಪಾಠ ಹೇಳಿ, ಲಂಡನ್ನಿನ ಚೆಸ್ ಕೇಂದ್ರದ ಮ್ಯಾನೇಜರ್ ಆಗಿ ಬದುಕಿದ್ದನ್ನೂ ಬರೆ. 1944ರಲ್ಲಿ ಜರ್ಮನ್ನರ ಬಾಂಬ್ ಮನೆ ಮೇಲೆ ಬಿದ್ದು ತಾಯಿ, ತಂಗಿಯ ಜೊತೆ ಸತ್ತರು. ಆಗಲೂ ಮಹಿಳಾ ವಿಶ್ವ ಚಾಂಪಿಯನ್ ಅವರೇ.

ಗುಕೇಶ್ ಬರಹದಲ್ಲಿ ‘18ನೇ ವಯಸ್ಸಿಗೇ ವಿಶ್ವ ಚಾಂಪಿಯನ್’ ಎನ್ನುವುದನ್ನು ಐದು ಸಲ ಹೇಳಿದ್ದೀಯ. ಒಂದು ಸಾಕು. ಮಗನ ಜೊತೆ ಊರೂರು ತಿರುಗಲು ತಂದೆ ವೈದ್ಯಕೀಯ ಪ್ರಾಕ್ಟೀಸ್ ಬಿಟ್ಟರು, ಮನೆ ತಾಯಿಯ ದುಡಿಮೆ ಮೇಲೆ ನಡೆಯಿತು ಎನ್ನುವುದನ್ನು ಮಾತ್ರ ಒಂದು ಸಲವೂ ಹೇಳಿಲ್ಲ.

ಇನ್ನು ಮುಂದಿನ ಬರಹಕ್ಕೆ ಒಂದು ಕೆಲಸ ಕೊಡುತ್ತೇನೆ. ನೀನು ಬಸ್ಸಿನಲ್ಲಿ ಹುಬ್ಬಳ್ಳಿಗೆ ಬರುವಾಗ ಗದಗ ರಸ್ತೆಯಲ್ಲಿ ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಕಾಣುತ್ತದೆ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ.ಎಸ್. ತೇಜಕುಮಾರ್ ಅದೇ ರೈಲ್ವೆಯ ನೌಕರರು. ಪಟ್ಟ ಬಂದದ್ದು 2017ರಲ್ಲಿ, ಮೂವತ್ತು ದಾಟಿದ ಮೇಲೆ. ಗ್ರ್ಯಾಂಡ್‌ಮಾಸ್ಟರ್ ಆಗಲು ಮೂರು ನಾರ್ಮ್ ಬೇಕು, ಅಂದರೆ ಟೂರ್ನಿಗಳಲ್ಲಿ ಆ ಮಟ್ಟದ ಆಟವನ್ನು ಮೂರು ಸಲ ತೋರಿಸಬೇಕು. ಆಟದ ಬಲ ಅಳೆಯುವ ರೇಟಿಂಗ್ 2500 ಮುಟ್ಟಬೇಕು. ನೌಕರಿ ಮಾಡುತ್ತಾ ಟೂರ್ನಿಗೆ ರಜೆ ಹೇಗೆ ಹೊಂದಿಸುತ್ತಾರೆ? ದೂರದ ಟೂರ್ನಿಯ ಖರ್ಚು ಯಾರದು? ಕ್ರೀಡಾ ಕೋಟಾದಲ್ಲಿ ಸೇರಿದವರಿಗೆ ಕಚೇರಿಯಲ್ಲಿ ಏನು ಕೆಲಸ ಕೊಡುತ್ತಾರೆ? ಹೋಗಿ ಕೇಳು. ಇಂಟರ್ನೆಟ್ಟಿನಲ್ಲಿ ಹುಡುಕುತ್ತಾ ಕೂರಬೇಡ.

ಬರೆದದ್ದನ್ನು ಕಾಗದದಲ್ಲೇ ಕಳಿಸು. ಫೋನಿನ ಮೇಲೆ ಕೆಂಪು ಪೆನ್ನು ಓಡುವುದಿಲ್ಲ.

ನಿನ್ನ ಕಾಕಾ
ಧಾರವಾಡ