'ಸರ್ವರ್ ಡೌನ್' ಮೊದಲು ಯಾರಿಗೆ ಗೊತ್ತಾಗಬೇಕು?

ಮಾನ್ಯ ಸಂಪಾದಕರೇ,

ಹೋದ ವಾರ ಅಮ್ಮನ ಜೊತೆ ನಮ್ಮೂರಿನ ನ್ಯಾಯಬೆಲೆ ಅಂಗಡಿಗೆ ಹೋಗಿದ್ದೆ. ಎಂಟು ಗಂಟೆಗೇ ಉದ್ದ ಸಾಲು. ಅಮ್ಮ ಹೆಬ್ಬೆಟ್ಟನ್ನು ಸೆರಗಿಗೆ ಒರೆಸಿ ಒರೆಸಿ ನಾಲ್ಕು ಸಲ ಮೆಷಿನ್ ಮೇಲೆ ಇಟ್ಟಳು. ಏನೂ ಬರಲಿಲ್ಲ. "ನನ್ನ ಬೆರಳೇ ಸವೆದುಹೋಗಿದೆ ಕಣೋ" ಎಂದು ಮುಖ ಸಣ್ಣದು ಮಾಡಿಕೊಂಡಳು. ಆಮೇಲೆ ಗೊತ್ತಾಯಿತು, ಸರ್ವರ್ ಡೌನ್. "ಫೋನ್ ಮಾಡಿದರೆ ಇಲ್ಲಿ ಎಲ್ಲ ಸರಿಯಿದೆ ಅಂತಾರೆ ಸಾರ್" ಎಂದರು ಅಂಗಡಿಯವರು.

ನಾನು ಬೆಂಗಳೂರಿನಲ್ಲಿ ಹನ್ನೊಂದು ವರ್ಷದಿಂದ ಸರ್ವರ್ ನೋಡಿಕೊಳ್ಳುವ ಕೆಲಸದಲ್ಲಿದ್ದೇನೆ. ಈ 'ಎಲ್ಲ ಸರಿಯಿದೆ' ನನಗೆ ಚೆನ್ನಾಗಿ ಗೊತ್ತು. ಸಿಪಿಯು, ಮೆಮೊರಿ ಅಷ್ಟನ್ನೇ ನೋಡುತ್ತಾ ಕುಳಿತರೆ ಪರದೆಯೆಲ್ಲ ಹಸಿರಾಗಿಯೇ ಇರುತ್ತದೆ. ಯಂತ್ರ ಓಡುತ್ತಿರುತ್ತದೆ, ಜನರ ಕೆಲಸ ಮಾತ್ರ ಆಗುತ್ತಿರುವುದಿಲ್ಲ. ಎಣಿಸಬೇಕಾದದ್ದು ಬೇರೆ: ಹೆಬ್ಬೆಟ್ಟು ಒತ್ತಿದವರಲ್ಲಿ ಎಷ್ಟು ಜನರಿಗೆ ಉತ್ತರ ಬಂತು, ಎಷ್ಟು ಸೆಕೆಂಡಿನಲ್ಲಿ ಬಂತು? ನೂರರಲ್ಲಿ ಐದು ತಪ್ಪುತ್ತಿದ್ದು, ಅದು ಐದು ನಿಮಿಷ ಹಾಗೇ ಮುಂದುವರಿದರೆ ಡ್ಯೂಟಿಯಲ್ಲಿರುವವರ ಫೋನ್ ಹೊಡೆದುಕೊಳ್ಳಬೇಕು.

ಒಂದೆರಡು ತಪ್ಪಿಗೆಲ್ಲ ಅಲರ್ಟ್ ಕಳಿಸುವುದೂ ಕೆಟ್ಟದ್ದೇ. ನಮ್ಮಲ್ಲಿ ಮೊದಲು ಹಾಗೇ ಇತ್ತು. ರಾತ್ರಿಯೆಲ್ಲ ಮೆಸೇಜ್ ಬಂದು ಬಂದು ಕೊನೆಗೆ ಎಲ್ಲರೂ ಮ್ಯೂಟ್ ಮಾಡಿಬಿಟ್ಟಿದ್ದೆವು. ಒಂದು ದಿನ, ಸರ್ವರ್ ತಾನು ಮಾಡಿದ್ದನ್ನೆಲ್ಲ ಬರೆದಿಡುವ ಲಾಗ್ ಫೈಲ್‌ಗಳಿಂದ ಡಿಸ್ಕ್ ತುಂಬುತ್ತಿದೆ ಎಂಬ ಅಲರ್ಟ್ ಆ ರಾಶಿಯಲ್ಲೇ ಮುಚ್ಚಿಹೋಯಿತು. ನಾಲ್ಕು ಗಂಟೆ ಸೇವೆ ನಿಂತಿತು. ಅವತ್ತು ಡ್ಯೂಟಿ ನನ್ನದು. ಇವತ್ತಿಗೂ ಅದು ಮನಸ್ಸಿನಲ್ಲಿ ಚುಚ್ಚುತ್ತದೆ.

ದೊಡ್ಡವರಿಗೂ ಇದು ತಪ್ಪಿದ್ದಲ್ಲ. 2018ರ ಡಿಸೆಂಬರ್‌ನಲ್ಲಿ ಬ್ರಿಟನ್ನಿನ ಓ2 ಮೊಬೈಲ್ ಗ್ರಾಹಕರಿಗೆ ಇಂಟರ್ನೆಟ್ ಕೈಕೊಟ್ಟಿತ್ತು. ಕಾರಣ, ಅವರಿಗೆ ನೆಟ್‌ವರ್ಕ್ ಉಪಕರಣ ಒದಗಿಸುವ ಎರಿಕ್ಸನ್ ಕಂಪನಿಯ ಸಾಫ್ಟ್‌ವೇರಿನ ಒಂದು ಡಿಜಿಟಲ್ ಸರ್ಟಿಫಿಕೇಟಿನ, ಅಂದರೆ ಸಾಫ್ಟ್‌ವೇರಿನ ಗುರುತುಪತ್ರದ, ಅವಧಿ ಮುಗಿದಿತ್ತು. ಮುಗಿಯುವ ತಾರೀಖು ಮೊದಲೇ ಗೊತ್ತಿರುತ್ತದೆ, ಅಲ್ವಾ? ಒಂದು ತಿಂಗಳು ಮುಂಚೆ ನೆನಪಿಸುವ ಅಲರ್ಟ್ ಇಡುವುದು ಅರ್ಧ ದಿನದ ಕೆಲಸ. ಪ್ರೊಮಿಥಿಯಸ್‌ನಂಥ, ಸರ್ವರ್ ಮೇಲೆ ಕಣ್ಣಿಟ್ಟು ಅಲರ್ಟ್ ಕೊಡುವ ಸಾಧನಗಳು ಉಚಿತವಾಗಿಯೇ ಸಿಗುತ್ತವೆ. ದುಡ್ಡಿನ ನೆಪ ಹೇಳುವ ಹಾಗಿಲ್ಲ.

ಜನಸೇವೆಯ ಸರ್ವರ್ ನೋಡಿಕೊಳ್ಳುವವರಲ್ಲಿ ನನ್ನ ಕೋರಿಕೆ ಇಷ್ಟು. ಎಷ್ಟು ಜನರಿಗೆ, ಎಷ್ಟು ಬೇಗ ಉತ್ತರ ಬಂತು ಎಂಬ ಲೆಕ್ಕವನ್ನು ಟೆಂಡರಿನಲ್ಲೇ ಕೇಳಿ. ತೊಂದರೆ ಆದ ತಕ್ಷಣ 'ನಮಗೆ ಗೊತ್ತಾಗಿದೆ, ಸರಿಮಾಡುತ್ತಿದ್ದೇವೆ' ಎಂಬ ಒಂದು ಸಾಲು ಕನ್ನಡದಲ್ಲಿ ಆ ಮೆಷಿನ್ ಮೇಲೆಯೇ ಬರಲಿ. ಆಗ ನಮ್ಮಮ್ಮ ಐದನೇ ಸಲ ಬೆರಳು ಒರೆಸುವುದಿಲ್ಲ.

ಇಂತಿ,
ಒಬ್ಬ ಸಾಫ್ಟ್‌ವೇರ್ ಉದ್ಯೋಗಿ, ಬೆಂಗಳೂರು