ಲಗೋವಾ ಡು ಫೋಗು – ಫುರ್ನಾಸ್ ಪ್ರವಾಸದಲ್ಲಾದ ಸೇವಾ ಲೋಪ ಮತ್ತು ಸುರಕ್ಷತೆಯ ನಿರ್ಲಕ್ಷ್ಯದ ಬಗ್ಗೆ ದೂರು

ಇವರಿಗೆ,
ವ್ಯವಸ್ಥಾಪಕರು,
ಗ್ರಾಹಕ ಸೇವಾ ವಿಭಾಗ,
ಪೊಂಟಾ ಡೆಲ್ಗಾಡಾ ಕಚೇರಿ,
ಸಾವೊ ಮಿಗೆಲ್ ದ್ವೀಪ, ಅಜೋರ್ಸ್, ಪೋರ್ಚುಗಲ್.

ವಿಷಯ: ಗೈಡ್ ಸಹಿತ ಒಂದು ದಿನದ ಪ್ರವಾಸದಲ್ಲಿ ಒಪ್ಪಿಕೊಂಡ ಸೇವೆ ದೊರೆಯದಿರುವುದು, ಬಿಸಿನೀರಿನ ಕೊಳದಲ್ಲಿ ನನ್ನ ತಾಯಿಯವರು ಅಸ್ವಸ್ಥರಾಗಿದ್ದು ಹಾಗೂ ಹಣ ಮರುಪಾವತಿ ಕುರಿತು.

ಮಾನ್ಯರೆ,

ಕಳೆದ ಏಪ್ರಿಲ್ ತಿಂಗಳ ಎರಡನೆಯ ಶನಿವಾರ ತಮ್ಮ ಸಂಸ್ಥೆ ಏರ್ಪಡಿಸಿದ್ದ ಒಂದು ದಿನದ ಪ್ರವಾಸದಲ್ಲಿ ನಾನು, 71 ವರ್ಷದ ನನ್ನ ತಾಯಿ ಮತ್ತು 12 ವರ್ಷದ ನನ್ನ ಮಗ ಭಾಗವಹಿಸಿದ್ದೆವು. ತಲಾ 95 ಯೂರೊದಂತೆ ಒಟ್ಟು 285 ಯೂರೊಗಳನ್ನು ಒಂದು ತಿಂಗಳು ಮೊದಲೇ ಪಾವತಿಸಿದ್ದೆವು. ಆ ದಿನ ನಡೆದದ್ದನ್ನು ತಮ್ಮ ಗಮನಕ್ಕೆ ತಂದು, ಅದಕ್ಕೆ ಲಿಖಿತ ಉತ್ತರವನ್ನೂ ಹಣದ ಮರುಪಾವತಿಯನ್ನೂ ಕೋರುವುದು ಈ ಪತ್ರದ ಉದ್ದೇಶ. ಸಿಟ್ಟಿನಲ್ಲಿ ಬರೆಯಬಾರದೆಂದು ಎರಡು ವಾರ ಸುಮ್ಮನಿದ್ದು, ರಸೀದಿಗಳನ್ನೂ ಫೋಟೊಗಳನ್ನೂ ಮತ್ತೊಮ್ಮೆ ನೋಡಿ, ಸಮಯಗಳನ್ನು ತಾಳೆ ಹಾಕಿದ ಮೇಲೆ ಬರೆಯುತ್ತಿದ್ದೇನೆ.

ತಾವು ಕಳುಹಿಸಿದ ದೃಢೀಕರಣದಲ್ಲಿ, ಬೆಳಿಗ್ಗೆ ಲಗೋವಾ ಡು ಫೋಗು ಸರೋವರದ ನೋಟ, ನಂತರ ಕಲ್ಡೇರಾ ವೆಲ್ಯಾದ ಬಿಸಿನೀರಿನ ಕೊಳಗಳಲ್ಲಿ ಸ್ನಾನ, ಮಧ್ಯಾಹ್ನ ಫುರ್ನಾಸ್ ಸರೋವರದ ದಂಡೆಯಲ್ಲಿ ನೆಲದಡಿ ಹೂತಿಟ್ಟು ಬೇಯಿಸಿದ ಅಡುಗೆಯ ಪಾತ್ರೆಗಳನ್ನು ಮೇಲೆತ್ತುವುದನ್ನು ನೋಡುವುದು, ಇವೆಲ್ಲಕ್ಕೂ ‘ಜ್ವಾಲಾಮುಖಿಗಳ ಬಗ್ಗೆ ತರಬೇತಿ ಪಡೆದ ಗೈಡ್’ ಜೊತೆಗಿರುವುದು ಎಂದು ಸ್ಪಷ್ಟವಾಗಿ ಬರೆದಿತ್ತು. ಪ್ರವೇಶ ಶುಲ್ಕಗಳೆಲ್ಲ ಈ ಮೊತ್ತದಲ್ಲೇ ಸೇರಿವೆ ಎಂದೂ ಇತ್ತು. ಬುಕಿಂಗ್ ಫಾರಂನಲ್ಲಿ ಆರೋಗ್ಯದ ವಿವರ ಕೇಳಿದ್ದ ಜಾಗದಲ್ಲಿ, ತಾಯಿಯವರಿಗೆ ರಕ್ತದೊತ್ತಡವಿದ್ದು ದಿನವೂ ಮಾತ್ರೆ ತೆಗೆದುಕೊಳ್ಳುತ್ತಾರೆ ಎಂದು ನಾನು ಬರೆದಿದ್ದೆ. ಆ ಫಾರಂನ ಪ್ರತಿಯನ್ನು ಇದರೊಂದಿಗೆ ಲಗತ್ತಿಸಿದ್ದೇನೆ.

ಮೊದಲಿಗೆ, ಯಾವುದು ತಮ್ಮ ತಪ್ಪಲ್ಲವೋ ಅದನ್ನು ಹೇಳಿಬಿಡುತ್ತೇನೆ. ಬೆಳಿಗ್ಗೆ ಒಂಬತ್ತೂವರೆಗೆ ನಾವು 947 ಮೀಟರ್ ಎತ್ತರದ ಪಿಕೊ ದ ಬರ್ರೋಜಾ ಶಿಖರದ ಬಳಿಯ ವೀಕ್ಷಣಾ ಸ್ಥಳ ತಲುಪಿದಾಗ ದಟ್ಟ ಮಂಜು ಕವಿದಿತ್ತು. ಕೆಳಗೆ ಸರೋವರ ಇದೆ ಎಂಬುದನ್ನು ಗೈಡ್ ಮಾತಿನಿಂದಲೇ ನಂಬಬೇಕಾಗಿತ್ತು. ಸಾಗರದ ನಡುವಿನ ದ್ವೀಪದ ಬೆಟ್ಟದ ನೆತ್ತಿಯಲ್ಲಿ ಮಂಜು ಬೀಳುವುದಕ್ಕೆ ಯಾರನ್ನೂ ದೂರುವಂತಿಲ್ಲ. ಆದರೆ ಈ ದ್ವೀಪದ ಮುಖ್ಯ ವೀಕ್ಷಣಾ ಸ್ಥಳಗಳ ನೇರ ಕ್ಯಾಮೆರಾ ದೃಶ್ಯಗಳನ್ನು ಯಾರು ಬೇಕಾದರೂ ಫೋನಿನಲ್ಲಿ ನೋಡಬಹುದು ಎಂಬುದನ್ನು ನಮ್ಮ ಜೊತೆಗಿದ್ದ ಇನ್ನೊಬ್ಬ ಪ್ರವಾಸಿ ತೋರಿಸಿಕೊಟ್ಟರು. ಅದೇ ಹೊತ್ತಿನಲ್ಲಿ ಫುರ್ನಾಸ್ ಕಣಿವೆಯಲ್ಲಿ ಬಿಸಿಲಿತ್ತು. ಮೊದಲು ಫುರ್ನಾಸ್‌ಗೆ ಹೋಗಿ, ಮಂಜು ಕರಗಿದ ಮೇಲೆ ಇಲ್ಲಿಗೆ ಬರೋಣ ಎಂದು ನಾವು ಆರು ಮಂದಿ ಒಟ್ಟಾಗಿ ಕೇಳಿಕೊಂಡರೂ, ಕಾರ್ಯಕ್ರಮದ ಕ್ರಮ ಬದಲಿಸಲು ತನಗೆ ಅನುಮತಿಯಿಲ್ಲ ಎಂದು ಗೈಡ್ ಹೇಳಿದರು. ಸಂಜೆ ಹಿಂದಿರುಗುವಾಗ ಕ್ಯಾಮೆರಾದಲ್ಲಿ ಸರೋವರ ಅಂಚಿನಿಂದ ಅಂಚಿಗೆ ನಿಚ್ಚಳವಾಗಿ ಕಾಣುತ್ತಿತ್ತು. ಆಗಲೂ ವ್ಯಾನ್ ಬೆಟ್ಟ ಹತ್ತಲಿಲ್ಲ. 1974ರಿಂದ ಸಂರಕ್ಷಿತ ಪ್ರದೇಶವಾಗಿ ಉಳಿದಿರುವ, ದಂಡೆಯಲ್ಲಿ ಒಂದು ಮನೆಯೂ ಇಲ್ಲದ ಆ ಕುಳಿ ಸರೋವರವನ್ನು ನೋಡಲೆಂದೇ ನನ್ನ ಮಗ ಈ ಪ್ರವಾಸವನ್ನು ಆರಿಸಿದ್ದ. ಅವನು ನೋಡಿದ್ದು ಫೋನಿನ ಪರದೆಯ ಮೇಲೆ.

ಕಲ್ಡೇರಾ ವೆಲ್ಯಾದಲ್ಲಿ ನಡೆದದ್ದಕ್ಕೆ ಹವಾಮಾನದ ನೆಪವೂ ಇಲ್ಲ. ಅಲ್ಲಿ ಒಂದು ಹೊತ್ತಿಗೆ ಇಷ್ಟೇ ಜನ ಎಂಬ ಮಿತಿಯಿದ್ದು, ಸಮಯ ನಿಗದಿಪಡಿಸಿ ಟಿಕೆಟ್ ಕೊಡುತ್ತಾರೆ. ದಿನವೂ ಪ್ರವಾಸಿಗರನ್ನು ಕರೆದೊಯ್ಯುವ ತಮಗೆ ಇದು ಗೊತ್ತಿರದ ಸಂಗತಿಯಲ್ಲ. ನಮ್ಮ ಗುಂಪಿನ ಹೆಸರಿನಲ್ಲಿ ಟಿಕೆಟ್ ಕಾಯ್ದಿರಿಸಿಯೇ ಇರಲಿಲ್ಲ. ಗೇಟಿನಲ್ಲಿ ಐವತ್ತು ನಿಮಿಷ ನಿಂತು, ಗೈಡ್ ಮೂರು ಬಾರಿ ಕಚೇರಿಗೆ ಫೋನ್ ಮಾಡಿ, ಕೊನೆಗೆ ಮಧ್ಯಾಹ್ನದವರೆಗೆ ಜಾಗವಿಲ್ಲ ಎಂಬ ಉತ್ತರ ಪಡೆದು ವಾಪಸಾದೆವು. ಈ ವಿಳಂಬದಿಂದಾಗಿ ಫುರ್ನಾಸ್ ಸರೋವರದ ದಂಡೆ ತಲುಪಿದಾಗ ಎರಡು ಗಂಟೆಗೆ ಹತ್ತು ನಿಮಿಷವಿತ್ತು. ಸುಮಾರು ಆರು ಗಂಟೆ ಕಾಲ ನೆಲದ ಕಾವಿನಲ್ಲೇ ಬೆಂದ ಪಾತ್ರೆಗಳನ್ನು ಮಧ್ಯಾಹ್ನದ ಊಟದ ಹೊತ್ತಿಗೆ ಎತ್ತಿಬಿಡುತ್ತಾರೆ. ನಾವು ಕಂಡದ್ದು ಖಾಲಿ ಗುಂಡಿಗಳನ್ನು.

ಇಲ್ಲಿಯವರೆಗಿನದು ನಿರಾಶೆಯ ಮಾತು, ಅಷ್ಟೇ ಆಗಿದ್ದರೆ ನಾನು ಬಹುಶಃ ಪತ್ರ ಬರೆಯುತ್ತಿರಲಿಲ್ಲ. ಇದರ ಮುಂದಿನದು ಹಾಗಲ್ಲ.

ಸರೋವರದ ಪಕ್ಕದಲ್ಲಿ ಹಬೆ ಉಗುಳುವ ಬಾಯಿಗಳ ಸುತ್ತ ಬೇಲಿ ಹಾಕಿ, ಎಚ್ಚರಿಕೆಯ ಫಲಕ ನಿಲ್ಲಿಸಿದ್ದಾರೆ. ಗೈಡ್ ಸ್ವತಃ ಬೇಲಿ ದಾಟಿ ಒಳಗೆ ನಿಂತು, ನೆಲ ಎಷ್ಟು ಬಿಸಿಯಿದೆ ಮುಟ್ಟಿ ನೋಡಿ ಎಂದು ಮಕ್ಕಳನ್ನು ಕರೆದರು. ನಾನು ತಾಯಿಯವರ ಕೈ ಹಿಡಿದು ಮರದ ಮೆಟ್ಟಿಲು ಇಳಿಸುತ್ತಿದ್ದೆ. ತಲೆ ಎತ್ತಿ ನೋಡುವಷ್ಟರಲ್ಲಿ ಮಗ ಬೇಲಿಯ ಆಚೆಗಿದ್ದ. ಅವನ ಬಲಗಾಲಿನ ಕೆಳಗೆ ಒಣಗಿದಂತೆ ಕಾಣುತ್ತಿದ್ದ ಬೂದು ಬಣ್ಣದ ಪದರ ಕುಸಿದು, ಬಿಸಿ ಕೆಸರು ಷೂವಿನ ಅಂಚಿನವರೆಗೆ ಬಂತು. ಅವನು ಕಾಲನ್ನು ಹಿಂದಕ್ಕೆಳೆದುಕೊಂಡದ್ದರಿಂದ ಚರ್ಮಕ್ಕೆ ಏನೂ ಆಗಲಿಲ್ಲ. ಷೂವಿನ ಮೇಲೆ ಎರಡು ಬೆರಳಿನಗಲದ ಬೂದು ಗುರುತು ಇನ್ನೂ ಹಾಗೆಯೇ ಇದೆ, ಅದರ ಫೋಟೊ ಲಗತ್ತಿಸಿದ್ದೇನೆ. ಹಬೆಯಿಂದ ಮೆತ್ತಗಾದ ಇಂಥ ನೆಲದ ಮೇಲಿನ ಪದರ ಎಲ್ಲಿ ಗಟ್ಟಿ, ಎಲ್ಲಿ ತೆಳು ಎಂಬುದು ಕಣ್ಣಿಗೆ ತಿಳಿಯುವುದಿಲ್ಲ, ಬೇಲಿ ಹಾಕಿರುವುದೇ ಅದಕ್ಕೆ. ಫುರ್ನಾಸ್‌ನಲ್ಲಿ ನೆಲದಿಂದ ಇಂಗಾಲದ ಡೈ ಆಕ್ಸೈಡ್ ಕೂಡ ಹೊರಬರುತ್ತದೆ. ವಾಸನೆಯಿಲ್ಲದ, ಗಾಳಿಗಿಂತ ಭಾರವಾದ ಆ ಅನಿಲ ತಗ್ಗಿನಲ್ಲಿ ಶೇಖರವಾಗುವುದರಿಂದ, ಮಕ್ಕಳನ್ನು ಅಲ್ಲಿ ಬಗ್ಗಿಸಿ ನಿಲ್ಲಿಸುವುದು ಆಟದ ವಿಷಯವಲ್ಲ.

ಕಲ್ಡೇರಾ ವೆಲ್ಯಾದ ಬದಲಿಗೆ ನಮ್ಮನ್ನು ಫುರ್ನಾಸ್ ಊರಿನ ಟೆರ್ರಾ ನೋಸ್ಟ್ರಾ ಉದ್ಯಾನಕ್ಕೆ ಕರೆದೊಯ್ದರು. ಪ್ರವೇಶ ಶುಲ್ಕವನ್ನು ನಾವೇ ಕೊಡಬೇಕಾಯಿತು, ಆಮೇಲೆ ಕಚೇರಿಯಲ್ಲಿ ಹಿಂದಿರುಗಿಸುತ್ತಾರೆ ಎಂದು ಗೈಡ್ ಹೇಳಿದರು. ಉದ್ಯಾನ ಸುಂದರವಾಗಿದೆ. 18ನೇ ಶತಮಾನದಲ್ಲಿ ಥಾಮಸ್ ಹಿಕ್ಲಿಂಗ್ ಎಂಬ ಅಮೆರಿಕನ್ ವರ್ತಕ ಇಲ್ಲಿ ಮನೆ ಕಟ್ಟಿಸಿ, ಅದರ ಮುಂದೆ ಕೊಳ ಮಾಡಿಸಿದನಂತೆ. ಕಬ್ಬಿಣದ ಅಂಶದಿಂದ ಕಾವಿ ಬಣ್ಣಕ್ಕೆ ತಿರುಗಿದ ಆ ಕೊಳದ ನೀರಿನಲ್ಲಿ ಅಂಗೈ ಮುಳುಗಿಸಿದರೆ ಬೆರಳು ಕಾಣುವುದಿಲ್ಲ. ತಿಳಿಬಣ್ಣದ ಬಟ್ಟೆ, ಟವೆಲ್ ಈ ನೀರಿಗೆ ತಾಗಿದರೆ ಕಲೆ ಹೋಗುವುದಿಲ್ಲ ಎಂಬ ಒಂದು ಮಾತನ್ನು ಗೈಡ್ ಮೊದಲೇ ಹೇಳಬಹುದಿತ್ತು. ಅದಕ್ಕಾಗಿ ನಾನು ಹಣ ಕೇಳುತ್ತಿಲ್ಲ.

ನೀರಿಗಿಳಿಯುವ ಮುನ್ನ ನಾನು ಗೈಡ್‌ರನ್ನು ಸ್ಪಷ್ಟವಾಗಿ ಕೇಳಿದೆ: “ಅಮ್ಮನಿಗೆ ಬಿ.ಪಿ. ಇದೆ, ಎಷ್ಟು ಹೊತ್ತು ಕೂರಬಹುದು?” “ಎಷ್ಟು ಹೊತ್ತಾದರೂ ಕೂರಲಿ, ಈ ನೀರು ಎಲ್ಲದಕ್ಕೂ ಔಷಧಿ” ಎಂದು ಉತ್ತರಿಸಿ, ಒಂದೂವರೆ ಗಂಟೆಯಲ್ಲಿ ಬರುತ್ತೇನೆ ಎಂದು ಹೊರಟುಹೋದರು. ತಾಯಿಯವರು ಸುಮಾರು ನಲವತ್ತು ನಿಮಿಷ ನೀರಿನಲ್ಲಿದ್ದರು. ಮೇಲೇಳಲೆಂದು ಮೆಟ್ಟಿಲಿನ ಬಳಿ ನಿಂತವರು, “ಕಣ್ಣು ಕತ್ತಲೆ ಬರ್ತಾ ಇದೆ ಕಣೇ” ಎಂದು ಕಂಬಿಯನ್ನು ಹುಡುಕುತ್ತ ಕೈಯನ್ನು ಗಾಳಿಯಲ್ಲಿ ಆಡಿಸಿದರು. ಆ ಕೈ ನನ್ನ ಭುಜಕ್ಕೆ ಸಿಕ್ಕಿತು. ಸಿಗದಿದ್ದರೆ, ತಳ ಕಾಣದ ಆ ನೀರಿನಲ್ಲಿ ಅವರು ಬಿದ್ದಿದ್ದು ಬೇರೆಯವರಿಗೆ ಗೊತ್ತಾಗಲು ಎಷ್ಟು ಹೊತ್ತು ಹಿಡಿಯುತ್ತಿತ್ತೋ ಎಂಬ ಯೋಚನೆಯನ್ನು ನನಗೆ ಈಗಲೂ ಬಿಡಲಾಗುತ್ತಿಲ್ಲ. ಉದ್ಯಾನದ ಸಿಬ್ಬಂದಿಯೊಬ್ಬರು ಓಡಿಬಂದು, ಅವರನ್ನು ಬೆಂಚಿನ ಮೇಲೆ ಮಲಗಿಸಿ, ಕಾಲಡಿಗೆ ಬ್ಯಾಗು ಇಟ್ಟು ಎತ್ತರಿಸಿ, ತಣ್ಣೀರು ಕುಡಿಸಿದರು. ಅವರ ಉಪಕಾರವನ್ನು ಇಲ್ಲಿ ನೆನೆಯದಿದ್ದರೆ ತಪ್ಪಾಗುತ್ತದೆ. ಇಪ್ಪತ್ತು ನಿಮಿಷದ ನಂತರ ತಾಯಿಯವರು ಎದ್ದು ಕುಳಿತರು. ಅಷ್ಟು ಹೊತ್ತೂ ನಾನು ಗೈಡ್‌ಗೆ ಫೋನ್ ಮಾಡುತ್ತಲೇ ಇದ್ದೆ. ಐದು ಕರೆಗಳಲ್ಲಿ ಒಂದನ್ನೂ ಅವರು ತೆಗೆಯಲಿಲ್ಲ. ಹೋಗಿ ಒಂದು ಗಂಟೆ ಐವತ್ತು ನಿಮಿಷವಾದ ಮೇಲೆ ಬಂದವರು, “ವಯಸ್ಸಾದವರಿಗೆ ಹೀಗೆ ಆಗುವುದುಂಟು” ಎಂದರು.

ಆಗುವುದುಂಟು ಎಂದು ಅವರಿಗೆ ಗೊತ್ತಿದ್ದರೆ, ನಾನು ಕೇಳಿದಾಗ ಹೇಳಬೇಕಾಗಿದ್ದುದೂ ಅದನ್ನೇ. ಬಿಸಿನೀರಿನಲ್ಲಿ ರಕ್ತನಾಳಗಳು ಹಿಗ್ಗುತ್ತವೆ, ತಟ್ಟನೆ ಎದ್ದು ನಿಂತಾಗ ರಕ್ತದೊತ್ತಡ ಕುಸಿಯುತ್ತದೆ, ಬಿ.ಪಿ. ಮಾತ್ರೆ ತೆಗೆದುಕೊಳ್ಳುವವರಲ್ಲಿ ಇದು ಇನ್ನೂ ಹೆಚ್ಚು ಎಂದು ಮರುದಿನ ವೈದ್ಯರು ನಮಗೆ ಎರಡೇ ನಿಮಿಷದಲ್ಲಿ ವಿವರಿಸಿದರು. ಮಗಳಾಗಿ ನಾನೂ ಇನ್ನಷ್ಟು ಎಚ್ಚರದಿಂದ ಇರಬೇಕಾಗಿತ್ತು, ಆ ಹೊಣೆಯನ್ನು ನಾನು ಯಾರ ಮೇಲೂ ಹಾಕುವುದಿಲ್ಲ. ಆದರೆ ಫಾರಂನಲ್ಲಿ ಆರೋಗ್ಯದ ವಿವರ ಕೇಳಿ ಪಡೆದ ಸಂಸ್ಥೆ ಅದನ್ನು ಗೈಡ್‌ಗೆ ತಲುಪಿಸಿತ್ತೇ ಎಂಬ ಪ್ರಶ್ನೆಗೆ ತಾವು ಉತ್ತರಿಸಲೇಬೇಕು. ತನಗೆ ಅಂಥ ಯಾವ ಮಾಹಿತಿಯೂ ಬಂದಿಲ್ಲ ಎಂದು ಗೈಡ್ ವ್ಯಾನಿನಲ್ಲಿ ಎಲ್ಲರೆದುರು ಹೇಳಿದ್ದಾರೆ.

‘ತರಬೇತಿ ಪಡೆದ’ ಎಂಬ ಮಾತಿನ ಬಗ್ಗೆಯೂ ಹೇಳಬೇಕಿದೆ. ಈ ದ್ವೀಪದ ಜ್ವಾಲಾಮುಖಿಗಳೆಲ್ಲ ಸತ್ತು ಸಾವಿರಾರು ವರ್ಷಗಳಾಗಿವೆ, ಹೆದರುವಂಥದ್ದೇನೂ ಇಲ್ಲ ಎಂದು ಗೈಡ್ ಮೈಕಿನಲ್ಲಿ ಹೇಳಿದರು. ಲಗೋವಾ ಡು ಫೋಗು ಇರುವ ಆಗ್ವಾ ದ ಪಾವ್ ಜ್ವಾಲಾಮುಖಿ ಸ್ಫೋಟಿಸಿದ್ದು 1563ರಲ್ಲಿ, ಫುರ್ನಾಸ್ ಸ್ಫೋಟಿಸಿ ಸುಮಾರು ಇನ್ನೂರು ಜನ ಸತ್ತದ್ದು 1630ರಲ್ಲಿ. ಈ ದ್ವೀಪಗಳ ಕಂಪನ ಮತ್ತು ಅನಿಲಗಳ ಮೇಲೆ ನಿಗಾ ಇಡಲು ಪ್ರತ್ಯೇಕ ಕೇಂದ್ರವೇ ಸಾವೊ ಮಿಗೆಲ್‌ನಲ್ಲಿದೆ. 2019ರ ಡಿಸೆಂಬರ್ 9ರಂದು ನ್ಯೂಜಿಲೆಂಡಿನ ಫಕಾರಿ ಎಂಬ ಜ್ವಾಲಾಮುಖಿ ದ್ವೀಪದಲ್ಲಿ ಪ್ರವಾಸಿಗರಿದ್ದಾಗಲೇ ಸ್ಫೋಟವಾಗಿ, ಅಲ್ಲಿದ್ದ 47 ಮಂದಿಯಲ್ಲಿ 22 ಮಂದಿ ತೀರಿಕೊಂಡರು. ಫುರ್ನಾಸ್ ಈಗ ಆ ಸ್ಥಿತಿಯಲ್ಲಿದೆ ಎಂದು ನಾನು ಹೇಳುತ್ತಿಲ್ಲ, ಜನರನ್ನು ಹೆದರಿಸಬೇಕೆಂದೂ ಇಲ್ಲ. ಕುದಿಯುವ ನೆಲದ ಮೇಲೆ ಮಕ್ಕಳನ್ನೂ ವೃದ್ಧರನ್ನೂ ನಡೆಸುವವರ ಬಾಯಲ್ಲಿ ಆ ನೆಲದ ಬಗ್ಗೆ ಸುಳ್ಳು ಧೈರ್ಯದ ಮಾತು ಬರಬಾರದು ಎಂಬುದಷ್ಟೇ ನನ್ನ ಆಕ್ಷೇಪ. ಬೆಟ್ಟದ ತಿರುವುಗಳಲ್ಲಿ ಬಹಳ ಜೋಪಾನವಾಗಿ ವ್ಯಾನ್ ಓಡಿಸಿದ ಚಾಲಕರ ಮೇಲೆ ನನ್ನ ದೂರಿಲ್ಲ. ತಾಯಿಯವರಿಗಾಗಿ ಸೀಟು ಹಿಂದಕ್ಕೆ ಬಾಗಿಸಿ, ಕಿಟಕಿ ತೆರೆದುಕೊಟ್ಟವರೂ ಅವರೇ.

ಸೋಮವಾರ ಬೆಳಿಗ್ಗೆ ತಮ್ಮ ಕಚೇರಿಗೆ ಬಂದು ದೂರು ಪುಸ್ತಕ ಕೇಳಿದಾಗ, ಅದು ವ್ಯವಸ್ಥಾಪಕರ ಬಳಿ ಇದೆ, ಅವರು ರಜೆಯಲ್ಲಿದ್ದಾರೆ ಎಂಬ ಉತ್ತರ ಬಂತು. ಗ್ರಾಹಕರು ಕೇಳಿದ ಕೂಡಲೇ ದೂರು ಪುಸ್ತಕ ಕೊಡಬೇಕೆಂಬುದು ಪೋರ್ಚುಗಲ್ ಕಾನೂನು. ಪುಸ್ತಕ ಸಿಗದ ಕಾರಣ ಅದೇ ದಿನ ವಿದ್ಯುನ್ಮಾನ ದೂರು ಪುಸ್ತಕದಲ್ಲಿ ಸಂಕ್ಷಿಪ್ತವಾಗಿ ದೂರು ದಾಖಲಿಸಿದ್ದೇನೆ, ಅದಕ್ಕೆ 15 ಕೆಲಸದ ದಿನಗಳೊಳಗೆ ಉತ್ತರಿಸುವ ಹೊಣೆ ತಮ್ಮದು. ಈ ಪತ್ರ ಅದರ ವಿವರಣೆ. ಉದ್ಯಾನದ ಟಿಕೆಟ್ ಹಣ ಕೇಳಿದಾಗ, ಗೈಡ್ ಬರೆದುಕೊಟ್ಟ ಚೀಟಿ ಬೇಕು ಎಂದು ಕೌಂಟರಿನಲ್ಲಿ ಹೇಳಿದರು, ಅಂಥ ಚೀಟಿಯ ಮಾತನ್ನೇ ಗೈಡ್ ಎತ್ತಿರಲಿಲ್ಲ.

ಪ್ರಯಾಣದ ವೆಚ್ಚ ತಮಗೂ ಆಗಿದೆ ಎಂಬ ಅರಿವು ನನಗಿದೆ. ಆದ್ದರಿಂದ ಪೂರ್ತಿ ಮೊತ್ತವನ್ನು ಕೇಳದೆ, 285 ಯೂರೊಗಳಲ್ಲಿ ಅರ್ಧ, ಅಂದರೆ 142.50 ಯೂರೊ ಹಾಗೂ ಲಗತ್ತಿಸಿರುವ ರಸೀದಿಗಳಲ್ಲಿರುವಂತೆ ಉದ್ಯಾನದ ಮೂರು ಟಿಕೆಟ್‌ಗಳ ಮತ್ತು ವೈದ್ಯರ ತಪಾಸಣೆಯ ಹಣವನ್ನು ನಾನು ಪಾವತಿಸಿದ ಕಾರ್ಡಿಗೇ ಹಿಂದಿರುಗಿಸಬೇಕೆಂದು ಕೋರುತ್ತೇನೆ. ಮುಂದಿನ ಪ್ರವಾಸದ ಕೂಪನ್ ಬೇಡ. ಹಣಕ್ಕಿಂತಲೂ ಮುಖ್ಯವಾಗಿ, ಆ ದಿನದ ಗೈಡ್‌ಗೆ ಯಾವ ತರಬೇತಿ ನೀಡಲಾಗಿತ್ತು, ಪ್ರವಾಸಿಗರ ಆರೋಗ್ಯದ ಮಾಹಿತಿ ಅವರಿಗೆ ಏಕೆ ತಲುಪಲಿಲ್ಲ, ಬೇಲಿ ದಾಟಿಸಿದ್ದರ ಬಗ್ಗೆ ತಾವು ಏನು ಕ್ರಮ ಕೈಗೊಂಡಿರಿ ಎಂಬುದನ್ನು ಲಿಖಿತವಾಗಿ ತಿಳಿಸಬೇಕು. ಬಿಸಿನೀರಿನ ಕೊಳಗಳಿರುವ ಪ್ರವಾಸಗಳಲ್ಲಿ ಗುಂಪು ನೀರಿನಲ್ಲಿರುವಷ್ಟು ಹೊತ್ತೂ ಗೈಡ್ ದಡದಲ್ಲೇ ಇರಬೇಕೆಂಬ ನಿಯಮವನ್ನು ತಾವು ಈ ತಿಂಗಳೇ ಮಾಡಬಹುದು, ಅದಕ್ಕೆ ಖರ್ಚೇನೂ ಇಲ್ಲ.

ನಿಗದಿತ ಅವಧಿಯಲ್ಲಿ ತೃಪ್ತಿಕರ ಉತ್ತರ ಬಾರದಿದ್ದರೆ, ಈ ಪತ್ರವನ್ನೂ ದಾಖಲೆಗಳನ್ನೂ ಅಜೋರ್ಸ್‌ನ ಪ್ರವಾಸೋದ್ಯಮ ಅಧಿಕಾರಿಗಳ ಮುಂದಿಡುವುದು ನನಗೆ ಅನಿವಾರ್ಯವಾಗುತ್ತದೆ. ಬುಕಿಂಗ್ ದೃಢೀಕರಣ, ಆರೋಗ್ಯ ವಿವರದ ಫಾರಂ, ಟಿಕೆಟ್ ಮತ್ತು ವೈದ್ಯರ ರಸೀದಿಗಳು, ನಾನು ಮಾಡಿದ ಐದು ಕರೆಗಳ ಸಮಯ ತೋರಿಸುವ ಚಿತ್ರ ಹಾಗೂ ಷೂವಿನ ಫೋಟೊ ಇದರೊಂದಿಗಿವೆ.

ಇಂತಿ ತಮ್ಮ ವಿಶ್ವಾಸಿ,
(ಬುಕಿಂಗ್ ಮಾಡಿದ ಗ್ರಾಹಕಿಯ ಸಹಿ)